ಗಡಿಗೆ, ದೋಣಿ, ಬೊಗಸೆ: ಮಂಡ್ಯ ಸೀಮೆಯ ಸಹಪಾನ ಆಚರಣೆಗಳ ಮರುಪರಿಶೀಲನೆ

ಕರ್ನಾಟಕದ ಜಾನಪದ ಅಧ್ಯಯನವು ಹಾಡನ್ನು ಸಂಗ್ರಹಿಸಿದಷ್ಟು ಶ್ರದ್ಧೆಯಿಂದ ಪಾತ್ರೆಯನ್ನು ಗಮನಿಸಲಿಲ್ಲ. ಹಾಡು ಧ್ವನಿಮುದ್ರಣಕ್ಕೆ ಸಿಕ್ಕಿತು, ಅಚ್ಚಾಯಿತು, ಪಾಠಾಂತರಗಳ ಚರ್ಚೆಗೆ ಒಳಗಾಯಿತು. ಪಾತ್ರೆ ವಸ್ತುಸಂಗ್ರಹಾಲಯದ ಕಪಾಟು ಸೇರಿ ಅಲ್ಲಿಯೇ ನಿಂತಿತು. ಮಂಡ್ಯ ಜಿಲ್ಲೆಯ ಮಟ್ಟಿಗೆ ಈ ಮಾತಿಗೆ ವಿಶೇಷ ಅರ್ಥವಿದೆ. ಮೈಸೂರು ವಿಶ್ವವಿದ್ಯಾನಿಲಯದಲ್ಲಿ ಜಾನಪದವನ್ನು ಒಂದು ಅಧ್ಯಯನ ಶಿಸ್ತಾಗಿ ನೆಲೆಗೊಳಿಸಿದವರಲ್ಲಿ ಪ್ರಮುಖರಾದ ಜೀ.ಶಂ. ಪರಮಶಿವಯ್ಯನವರೂ, ರಾಮನಗರದ ಬಳಿ ಜಾನಪದ ಲೋಕವನ್ನು ಕಟ್ಟಿದ ಎಚ್.ಎಲ್. ನಾಗೇಗೌಡರೂ ಇದೇ ಜಿಲ್ಲೆಯ ನಾಗಮಂಗಲ ತಾಲ್ಲೂಕಿನವರು. ಹಾಡು ಮತ್ತು ವಸ್ತು ಎರಡನ್ನೂ ಕೂಡಿಸಿಟ್ಟ ಇಂಥ ಹಿರಿಯರ ನಂತರವೂ ಇವೆರಡರ ನಡುವಿನ ಸಂಬಂಧವನ್ನು ವಿವರಿಸುವ ಕೆಲಸ ಹಿಂದೆಯೇ ಉಳಿದಿದೆ. ಅನೇಕರು ಒಂದೇ ಪಾತ್ರೆಯಿಂದ ಕುಡಿಯುವ ವಿಧಿಗಳ ವಿಷಯದಲ್ಲಿ ಈ ಕೊರತೆ ಎದ್ದು ಕಾಣುತ್ತದೆ.

ಇಂಥ ವಿಧಿಗಳ ಪ್ರಸ್ತಾಪ ಬಂದಾಗಲೆಲ್ಲ ‘ಸಾಮರಸ್ಯದ ಸಂಕೇತ’, ‘ಸಮುದಾಯದ ಐಕ್ಯ’ ಎಂಬ ಮಾತುಗಳು ಲೇಖನಗಳಲ್ಲಿ ತಾವಾಗಿಯೇ ಬಂದು ಕೂರುತ್ತವೆ. ಈ ಮಾತುಗಳು ಸುಳ್ಳಲ್ಲ. ಆದರೆ ಇವು ವಿವರಣೆಯ ಜಾಗವನ್ನು ಆಕ್ರಮಿಸಿ ಪ್ರಶ್ನೆಗಳನ್ನು ಮುಚ್ಚಿಬಿಡುತ್ತವೆ. ಪಾತ್ರೆಯನ್ನು ಹಿಡಿದವರು ಯಾರು, ಎರೆದವರು ಯಾರು, ತುಟಿ ತಾಗಿತೆ ಇಲ್ಲವೆ, ಕುಡಿದ ಮೇಲೆ ಪಾತ್ರೆ ಏನಾಯಿತು ಎಂಬುವು ಉತ್ತರಿಸಬೇಕಾದ ಪ್ರಶ್ನೆಗಳು.

ಕನ್ನಡದ ಆಡುಮಾತೇ ಈ ವಿಚಾರದಲ್ಲಿ ವಿದ್ವಾಂಸರಿಗಿಂತ ಸೂಕ್ಷ್ಮವಾಗಿದೆ. ಮನೆಮನೆಯಲ್ಲಿ ಮಕ್ಕಳಿಗೆ ಹೇಳುವ ಮಾತು ‘ಕಚ್ಚಿ ಕುಡಿಯಬೇಡ, ಎತ್ತಿ ಕುಡಿ’ ಎಂದು. ಎತ್ತಿ ಕುಡಿಯುವುದೆಂದರೆ ಚೊಂಬನ್ನೋ ಲೋಟವನ್ನೋ ಬಾಯಿಗೆ ಮೇಲಾಗಿ ಹಿಡಿದು, ತುಟಿ ಸೋಕದಂತೆ ನೀರನ್ನು ಗಂಟಲಿಗೆ ಬಿಟ್ಟುಕೊಳ್ಳುವುದು. ಕಚ್ಚಿ ಕುಡಿಯುವುದೆಂದರೆ ಅಂಚಿಗೆ ಬಾಯಿ ಹಚ್ಚುವುದು. ಎತ್ತಿ ಕುಡಿದ ಚೊಂಬು ಹತ್ತು ಕೈ ದಾಟಿದರೂ ಎಂಜಲಾಗದು. ಕಚ್ಚಿ ಕುಡಿದ ಲೋಟ ಒಬ್ಬನಿಗೇ ಮುಗಿಯುತ್ತದೆ. ಪಂಕ್ತಿಯಲ್ಲಿ ಚೊಂಬು ಸುತ್ತು ಬರುವುದನ್ನು ಕಂಡು ಅದನ್ನು ‘ಹಂಚಿಕೊಂಡ ಪಾತ್ರೆ’ ಎಂದು ಬರೆದುಕೊಳ್ಳುವುದು ಆದ್ದರಿಂದ ಅವಸರದ ಮಾತು. ಅಲ್ಲಿ ಹಂಚಿಕೆಯಾದದ್ದು ನೀರು. ಪಾತ್ರೆ ಯಾರ ಬಾಯನ್ನೂ ಮುಟ್ಟದೆ ಎಲ್ಲರ ನಡುವೆ ಹಾದುಹೋಯಿತು.

ಇದಕ್ಕೂ ಕೆಳಗೆ ಇನ್ನೊಂದು ಮೆಟ್ಟಿಲಿದೆ. ಚೊಂಬನ್ನು ಕೈಗೇ ಕೊಡದೆ, ಮೇಲಿನಿಂದ ಬೊಗಸೆಗೆ ಎರೆಯುವ ಪದ್ಧತಿ ಹಳೆಯ ಮೈಸೂರು ಸೀಮೆಯ ಹಳ್ಳಿಗಳಲ್ಲಿ ದಲಿತರ ನಿತ್ಯದ ಅನುಭವವಾಗಿತ್ತು. ಅವರ ಪಾಲಿಗೆ ಪಾತ್ರೆಯೆಂದರೆ ಅವರವೇ ಎರಡು ಕೈ. ಬೇಸಗೆಯ ಅರವಟಿಗೆಯಲ್ಲಿ ಮಣ್ಣಿನ ಹರವಿಯಿಂದ ದಾರಿಹೋಕರಿಗೆ ನೀರು ಮಜ್ಜಿಗೆ ಕೊಡುವುದನ್ನೂ, ರಾಮನವಮಿಯ ಪಾನಕ ವಿತರಣೆಯನ್ನೂ ದಾನದ ಆಚರಣೆಗಳೆಂದು ಹೊಗಳುವ ಬರಹಗಳು ಹೇರಳವಾಗಿವೆ. ಯಾರಿಗೆ ಚೊಂಬು, ಯಾರಿಗೆ ಬೊಗಸೆ ಎಂಬ ವಿವರ ಅವುಗಳಲ್ಲಿ ವಿರಳ. ಹೋಟೆಲುಗಳು ಬಂದಾಗ ಇದೇ ಭೇದ ಬೇರೆ ಲೋಟ, ತೆಂಗಿನ ಚಿಪ್ಪು ಎಂಬ ರೂಪ ತಾಳಿತು. 1955ರ ಅಸ್ಪೃಶ್ಯತಾ ಅಪರಾಧಗಳ ಕಾಯ್ದೆ (1976ರಿಂದ ನಾಗರಿಕ ಹಕ್ಕುಗಳ ಸಂರಕ್ಷಣಾ ಕಾಯ್ದೆ) ಬಾವಿ, ಕೆರೆ, ದೇವಾಲಯಗಳ ಜೊತೆಗೆ ಹೋಟೆಲು ಛತ್ರಗಳಲ್ಲಿ ಇರಿಸಿದ ಪಾತ್ರೆಗಳ ಬಳಕೆಯನ್ನೂ ಬಿಡಿಸಿ ಹೆಸರಿಸಬೇಕಾಯಿತು. ಕಾನೂನು ಬರೆದವರಿಗೆ ಪಾತ್ರೆಯ ಮಹತ್ವ ತಿಳಿದಿತ್ತು ಎನ್ನಬೇಕು.

ಇಲ್ಲಿ ಒಂದು ವ್ಯತ್ಯಾಸವನ್ನು ಗುರುತಿಸಿ ಮುಂದೆ ಹೋಗಬಹುದು. ಈ ಸೀಮೆಯ ಗ್ರಾಮದೇವತೆಗಳ ಹಬ್ಬಗಳಲ್ಲಿ ಪ್ರಮುಖವಾಗಿ ಕಾಣುವ ಪಾತ್ರೆಗಳು ಕುಡಿಯುವ ಪಾತ್ರೆಗಳಲ್ಲ. ಮಳವಳ್ಳಿಯ ಸಿಡಿ ಹಬ್ಬದ ಘಟ್ಟವಾಗಲಿ, ಊರೂರ ಮಾರಮ್ಮನ ಕಳಸ, ತಂಬಿಟ್ಟಿನ ಆರತಿಗಳಾಗಲಿ ಹೊತ್ತು ತರುವಂಥವು. ದೇವತೆ ಅವುಗಳಲ್ಲಿ ನೆಲೆಸುತ್ತಾಳೆಂಬ ನಂಬಿಕೆ. ಮದುವೆಯ ಭೂಮದ ಊಟದಲ್ಲಿ ಗಂಡುಹೆಣ್ಣಿನ ಕಡೆಯವರು ಕೂಡಿ ಉಣ್ಣುವುದು ಹಂಚಿಕೆಯೇ ಆದರೂ ಅದು ಈಗಾಗಲೇ ಒಂದೇ ಜಾತಿಯೊಳಗಿನ, ಬೀಗತನದ ಹಂಚಿಕೆ. ಎಂಜಲಿನ ಕಟ್ಟನ್ನು ತಿಳಿದೂ ಮೀರುವ, ಮೀರುವುದನ್ನೇ ವಿಧಿಯಾಗಿಸಿಕೊಂಡ ಪಾತ್ರೆಗಳು ಈ ಭಾಗದಲ್ಲಿ ಮುಖ್ಯವಾಗಿ ಎರಡು: ಗೊರವರ ದೋಣಿ ಮತ್ತು ಮಂಟೇಸ್ವಾಮಿಯ ಹೆಂಡದ ಗಡಿಗೆ. ಮೊದಲನೆಯದು ಆಚರಣೆಯಲ್ಲಿದೆ, ಎರಡನೆಯದು ಕಾವ್ಯದಲ್ಲಿದೆ.

ಗೊರವರು ಮೈಲಾರಲಿಂಗನ ಒಕ್ಕಲು. ಕುರುಬ ಸಮುದಾಯದವರೇ ಅವರಲ್ಲಿ ಹೆಚ್ಚು. ಕರಡಿ ಕೂದಲಿನ ಟೊಪ್ಪಿಗೆ, ಕಂಬಳಿ, ಡಮರುಗ, ಪಿಳ್ಳಂಗೋವಿಗಳೊಡನೆ ಕುಣಿಯುವ ಇವರ ಚಿತ್ರ ಇಂದು ಸರ್ಕಾರಿ ಉತ್ಸವಗಳ ಮೆರವಣಿಗೆಯ ಮೂಲಕ ಎಲ್ಲರಿಗೂ ಪರಿಚಿತ. ಮೆರವಣಿಗೆಯಲ್ಲಿ ಕಾಣಿಸದಿರುವುದು ದೋಣಿಸೇವೆ. ಹರಕೆ ಹೊತ್ತ ಮನೆಯವರು ಗೊರವರನ್ನು ಕರೆಸಿ, ದೋಣಿಯಾಕಾರದ ಮರದ ಅಥವಾ ಲೋಹದ ಪಾತ್ರೆಗೆ ಹಾಲು, ತುಪ್ಪ, ಬಾಳೆಹಣ್ಣು, ಬೆಲ್ಲ ಮುಂತಾದವನ್ನು ತುಂಬಿಸುತ್ತಾರೆ. ಗೊರವರು ಕೈಗಳನ್ನು ನೆಲಕ್ಕೂರಿ, ನಾಯಿಗಳಂತೆ ಬೊಗಳುತ್ತ, ಗುರುಗುಟ್ಟುತ್ತ, ಒಬ್ಬರನ್ನೊಬ್ಬರು ತಳ್ಳುತ್ತ ದೋಣಿಗೆ ನೇರವಾಗಿ ಬಾಯಿ ಹಾಕಿ ನೆಕ್ಕಿ ಕುಡಿಯುತ್ತಾರೆ. ಮಹಾರಾಷ್ಟ್ರದ ಜೇಜುರಿಯ ಖಂಡೋಬನ ವಾಘ್ಯಾಗಳಲ್ಲಿಯೂ ನಾಯಿಯ ನಡಾವಳಿಯುಂಟು. ಮೈಲಾರ–ಖಂಡೋಬ ಪಂಥದ ಈ ಹರಹನ್ನು ಜರ್ಮನಿಯ ವಿದ್ವಾಂಸ ಗುಂಥರ್ ಸೊಂಥೈಮರ್ ವಿಸ್ತಾರವಾಗಿ ಅಭ್ಯಸಿಸಿದ್ದಾರೆ. ದೈತ್ಯ ಸಂಹಾರಕ್ಕೆ ಹೊರಟ ಮೈಲಾರನ ಪರಿವಾರದಲ್ಲಿ ನಾಯಿಗಳಿದ್ದವೆಂಬ ಪುರಾಣ ಈ ನಡಾವಳಿಗೆ ಕಾರಣವೆಂದು ಹೇಳಲಾಗುತ್ತದೆ.

ಪುರಾಣ ಕಾರಣವನ್ನು ಹೇಳುತ್ತದೆ. ವಿಧಿಯ ಕೆಲಸವನ್ನು ಹೇಳುವುದಿಲ್ಲ. ನಾಯಿ ಎಂದರೆ ಎಂಜಲೆಲೆಗೆ ಬಾಯಿ ಹಾಕುವ ಪ್ರಾಣಿ. ಮನುಷ್ಯರ ಲೋಕದ ಎಂಜಲಿನ ನಿಯಮ ಅದಕ್ಕಿಲ್ಲ. ಗೊರವ ನಾಯಿಯಾಗುವ ಕ್ಷಣದಲ್ಲಿ ಆ ನಿಯಮದಿಂದ ಹೊರಗೆ ಹೋಗುತ್ತಾನೆ. ಒಂದೇ ಪಾತ್ರೆಗೆ ಹತ್ತು ಬಾಯಿ ಬಿದ್ದರೂ ಅಲ್ಲಿ ಯಾರೂ ಯಾರ ಎಂಜಲನ್ನೂ ಉಂಡಂತಾಗದು, ಉಂಡವರು ನಾಯಿಗಳಾದ್ದರಿಂದ. ಸೇವೆ ಮುಗಿದು ಎದ್ದುನಿಂತವನು ಮತ್ತೆ ಚೊಂಬನ್ನು ಎತ್ತಿಯೇ ಕುಡಿಯುತ್ತಾನೆ. ದೋಣಿಸೇವೆಯನ್ನು ‘ಜಾತಿಯ ಮಿತಿಗಳನ್ನು ಮೀರಿದ ಸಮಾನತೆ’ ಎಂದು ಬಣ್ಣಿಸುವವರು ಈ ಎದ್ದುನಿಲ್ಲುವ ಗಳಿಗೆಯನ್ನು ಲೆಕ್ಕಕ್ಕೆ ಹಿಡಿಯುವುದಿಲ್ಲ. ದೋಣಿ ನಿಯಮವನ್ನು ಮುರಿಯುವುದಿಲ್ಲ. ದೀಕ್ಷೆ ಪಡೆದವರ ವಲಯದಲ್ಲಿ, ನಾಯಿಯ ವೇಷದಲ್ಲಿ, ಅದನ್ನು ಕೆಲಹೊತ್ತು ಅಮಾನತಿನಲ್ಲಿಡುತ್ತದೆ. ಹಾಗೆಂದು ವಿಧಿಯನ್ನು ಹಗುರವಾಗಿ ಕಾಣಬೇಕಾಗಿಲ್ಲ. ಕುಡಿಯುವುದು ಎಷ್ಟು ದೊಡ್ಡ ಕಟ್ಟಿನೊಳಗಿನ ಕೆಲಸವೆಂದರೆ, ಅದರಿಂದ ಬಿಡುಗಡೆ ಪಡೆಯಲು ಮನುಷ್ಯನು ಮನುಷ್ಯನಾಗಿರುವುದನ್ನೇ ಬಿಡಬೇಕಾಯಿತು ಎಂಬುದನ್ನು ದೋಣಿಯಷ್ಟು ಸ್ಪಷ್ಟವಾಗಿ ತೋರುವ ಇನ್ನೊಂದು ಆಚರಣೆ ಈ ಭಾಗದಲ್ಲಿ ಇಲ್ಲ.

ಮಂಟೇಸ್ವಾಮಿಯ ಗಡಿಗೆ ಇದಕ್ಕಿಂತ ತೀರ ಬೇರೆ.

ಮಂಟೇಸ್ವಾಮಿ ಕಾವ್ಯದ ಭೂಗೋಳ ಬಹುಪಾಲು ಮದ್ದೂರು–ಮಳವಳ್ಳಿ ತಾಲ್ಲೂಕುಗಳಲ್ಲಿಯೇ ಹರಡಿಕೊಂಡಿದೆ. ಗುರುವಿನ ಮಠ ಮಳವಳ್ಳಿ ತಾಲ್ಲೂಕಿನ ಬೊಪ್ಪೇಗೌಡನಪುರದಲ್ಲಿದೆ. ಶಿಷ್ಯನಾಗಿ ಮುಂದೆ ಘನನೀಲಿ ಸಿದ್ದಪ್ಪಾಜಿಯೆಂಬ ಹೆಸರು ಪಡೆದ ಕೆಂಪಾಚಾರಿ ಮದ್ದೂರು ತಾಲ್ಲೂಕಿನ ನಿಡಘಟ್ಟದ ಆಚಾರಿ ಮನೆಯ ಮಗ. ಅವನು ಕಬ್ಬಿಣದ ಭಿಕ್ಷೆಗೆ ಹೋಗಿ ಪಾಂಚಾಳರನ್ನು ಎದುರಿಸುವುದು ಹಲಗೂರಿನಲ್ಲಿ. ಅವನ ಗದ್ದಿಗೆ ಇಂದಿನ ಚಾಮರಾಜನಗರ ಜಿಲ್ಲೆಯ ಚಿಕ್ಕಲ್ಲೂರಿನಲ್ಲಿದೆ. ಇಷ್ಟು ಸ್ಥಳೀಯವಾದ ಕಾವ್ಯ ಆರಂಭವಾಗುವುದು ಮಾತ್ರ ದೂರದ ಕಲ್ಯಾಣದಲ್ಲಿ. ತಂಬೂರಿ ಹಿಡಿದ ನೀಲಗಾರರು ರಾತ್ರಿಯಿಡೀ ಹಾಡುವ ಈ ಕಾವ್ಯದ ಒಂದು ವಿಸ್ತೃತ ಪಠ್ಯವನ್ನು ಹಿ.ಚಿ. ಬೋರಲಿಂಗಯ್ಯನವರು ಸಂಪಾದಿಸಿ, ಹಂಪಿಯ ಕನ್ನಡ ವಿಶ್ವವಿದ್ಯಾಲಯವು 1997ರಲ್ಲಿ ಪ್ರಕಟಿಸಿತು. ಅದರಿಂದಾಗಿ ಕಲ್ಯಾಣ ಪಟ್ಟಣದ ಸಾಲು ಹಾಡುಗಾರಿಕೆಯ ವಲಯದ ಹೊರಗಿನ ಓದುಗರಿಗೂ ದೊರೆಯಿತು.

ಆ ಸಾಲಿನ ಕಥೆ ಪ್ರಸಿದ್ಧ. ಲಕ್ಷದ ಮೇಲೆ ತೊಂಬತ್ತಾರು ಸಾವಿರ ಜಂಗಮರು ಬಸವಣ್ಣನ ಮನೆಯಲ್ಲಿ ದಿನವೂ ಪ್ರಸಾದ ಸ್ವೀಕರಿಸುತ್ತಿರುವಾಗ, ಅವರಲ್ಲಿ ನಿಜವಾದ ಶರಣರೆಷ್ಟು ಎಂದು ಅಳೆಯಲು ಮಂಟೇಸ್ವಾಮಿ ಬರುತ್ತಾನೆ. ಮೈಯೆಲ್ಲ ಗಾಯ, ಸುತ್ತ ನೊಣ, ಸತ್ತ ಕರುವಿನ ಹೊರೆ, ಹೆಂಡದ ಗಡಿಗೆ. ವಿವರಗಳು ಹಾಡಿಕೆಯಿಂದ ಹಾಡಿಕೆಗೆ ಬದಲಾಗುತ್ತವೆ. ಅಸಹ್ಯದ ರೂಪದಲ್ಲಿ ಗುರು ಬರುವುದು ಬದಲಾಗುವುದಿಲ್ಲ. ಬಾಗಿಲಲ್ಲಿ ತಡೆದು ನೂಕಿಸಿಕೊಂಡ ಗುರು ತಿಪ್ಪೆಯ ಪಾಲಾಗುತ್ತಾನೆ. ಬಸವಣ್ಣ, ನೀಲಮ್ಮ ಅವನನ್ನು ಅರಸಿ ಬಂದು ಗುರುತಿಸುತ್ತಾರೆ.

ಈ ಭಾಗವನ್ನು ಶರಣ ಚಳವಳಿಯ ನಂತರದ ಅವನತಿಗೆ ತಳಸಮುದಾಯಗಳು ಹಿಡಿದ ಕನ್ನಡಿಯೆಂದು ಓದುವ ಪರಂಪರೆ ಕನ್ನಡ ವಿಮರ್ಶೆಯಲ್ಲಿ ಬೆಳೆದಿದೆ. ಒಟ್ಟು ನೋಟದಲ್ಲಿ ಅದು ಸರಿಯಾದ ಓದು. ಕೊರತೆಯಿರುವುದು ಗಡಿಗೆಯ ವಿಷಯದಲ್ಲಿ. ಗಡಿಗೆಯನ್ನು ಅಸಹ್ಯ ಹುಟ್ಟಿಸುವ ಹತ್ತು ಸಾಮಗ್ರಿಗಳಲ್ಲಿ ಒಂದಾಗಿ, ಆಘಾತದ ತಂತ್ರವಾಗಿ ಎಣಿಸಿ ಬಿಡಲಾಗುತ್ತದೆ. ಕೆಲವರು ಇನ್ನೂ ಮುಂದೆ ಹೋಗಿ ಹೆಂಡವೆಂದರೆ ಜ್ಞಾನದ ಅಮಲು, ಗಡಿಗೆಯೆಂದರೆ ಘಟ, ಘಟವೆಂದರೆ ದೇಹ ಎಂದು ತತ್ತ್ವಪದದ ಕೀಲಿಕೈ ಹಾಕುವುದುಂಟು. ತತ್ತ್ವಪದಗಳಲ್ಲಿ ಆ ಕೀಲಿಕೈ ಸಲ್ಲುತ್ತದೆ. ಇಲ್ಲಿ ಅದನ್ನು ಬಳಸಿದರೆ ಗಡಿಗೆಯ ನಾತ ಹೋಗುತ್ತದೆ. ನಾತ ಹೋದರೆ ಪರೀಕ್ಷೆಯೇ ಇಲ್ಲ. ಪರಿಮಳದ ಗಡಿಗೆ ಹಿಡಿದು ಬಂದವನನ್ನು ಜಂಗಮರು ಬಾಗಿಲಲ್ಲಿ ತಡೆಯುತ್ತಿರಲಿಲ್ಲ.

ಗಡಿಗೆಯ ಅರ್ಥ ಬಿಚ್ಚಿಕೊಳ್ಳುವುದು ಅದನ್ನು ಪ್ರಸಾದದ ಎದುರು ಇಟ್ಟಾಗ. ಎಂಜಲು ಮತ್ತು ಪ್ರಸಾದ ವಸ್ತುವಿನ ಮಟ್ಟದಲ್ಲಿ ಒಂದೇ: ಮತ್ತೊಬ್ಬರು ಸ್ವೀಕರಿಸಿ ಉಳಿಸಿದ್ದು. ಸ್ವೀಕರಿಸಿದವನು ಗುರು–ಲಿಂಗ–ಜಂಗಮನಾದರೆ ಅದು ಪ್ರಸಾದ, ಬೇರೆಯವನಾದರೆ ಎಂಜಲು. ವೀರಶೈವ ಆಚಾರದಲ್ಲಿ ಪಾದೋದಕ, ಪ್ರಸಾದಗಳಿಗೆ ಅಷ್ಟಾವರಣಗಳಲ್ಲಿ ಸ್ಥಾನವಿರುವುದು ಈ ಪರಿವರ್ತನೆಯನ್ನು ನೆಚ್ಚಿಕೊಂಡು. ಲೌಕಿಕ ದೃಷ್ಟಿಯಲ್ಲಿ ಮುಟ್ಟಬಾರದ್ದು ಭಕ್ತಿಯ ದೃಷ್ಟಿಯಲ್ಲಿ ಕುಡಿಯಲೇಬೇಕಾದ್ದು ಆಗುತ್ತದೆ ಎಂಬುದು ಹನ್ನೆರಡನೆಯ ಶತಮಾನದ ದೊಡ್ಡ ಸಾಧನೆ. ಮಂಟೇಸ್ವಾಮಿ ಕಾವ್ಯ ಈ ಸಾಧನೆಯನ್ನು ಅಲ್ಲಗಳೆಯುವುದಿಲ್ಲ. ಅದು ಕೇಳುವುದು ಒಂದೇ ಪ್ರಶ್ನೆ: ಗುರುವೆಂದು ಮೊದಲೇ ಗುರುತಾದವನ ಕೈಯದು ಪ್ರಸಾದವಾಗುತ್ತದೆ, ಸರಿ, ಗುರು ಹೊಲೆಮಾದಿಗರ ಕೇರಿಯ ಗಡಿಗೆ ಹಿಡಿದು ಬಂದರೆ? ಜಂಗಮರು ಸೋಲುವುದು ಈ ಪ್ರಶ್ನೆಗೆ. ಅವರಿಗೆ ಪ್ರಸಾದ ಗೊತ್ತು, ಆದರೆ ಪಾತ್ರೆ ನೋಡಿಯೇ ಗೊತ್ತು.

ಗಡಿಗೆ ಮಣ್ಣಿನದು ಎಂಬುದೂ ಇಲ್ಲಿ ಮುಖ್ಯ. ಮನೆಯ ಆಚಾರದಲ್ಲಿ ಲೋಹದ ಪಾತ್ರೆ ಮೈಲಿಗೆಯಾದರೆ ಹುಣಸೆಹಣ್ಣು, ಬೂದಿ, ಬೆಂಕಿಗಳಿಂದ ಮತ್ತೆ ಶುದ್ಧಿಗೆ ಬರುತ್ತದೆ. ಮಣ್ಣಿನದಕ್ಕೆ ಆ ದಾರಿಯಿಲ್ಲ. ಅದು ಹೀರಿಕೊಳ್ಳುತ್ತದೆ, ಆದ್ದರಿಂದ ಒಡೆಯಲೇಬೇಕು. ಸೂತಕ ಕಳೆದಾಗ ಮಡಕೆಗಳನ್ನು ಹೊರಹಾಕುವುದು ಇದೇ ಕಾರಣಕ್ಕೆ. ಗೊರವರ ದೋಣಿಯನ್ನು ತೊಳೆದು ಮುಂದಿನ ಸೇವೆಗೆ ಎತ್ತಿಡಬಹುದು. ಹೆಂಡದ ಗಡಿಗೆಗೆ ಬಾಯಿಟ್ಟವನು ಹಿಂದಕ್ಕೆ ಬರುವ ಹಾದಿಯನ್ನು ಒಡೆದುಕೊಂಡೇ ಬಾಯಿಡಬೇಕು. ದೋಣಿಯಲ್ಲಿ ವೇಷವಿದೆ, ಅವಧಿಯಿದೆ, ಮರಳುವಿಕೆಯಿದೆ. ಗಡಿಗೆಯಲ್ಲಿ ಈ ಮೂರೂ ಇಲ್ಲ. ಗೊರವ ನಾಯಿಯಾಗಿ ಕುಡಿದದ್ದನ್ನು ಜಂಗಮ ಜಂಗಮನಾಗಿಯೇ ಕುಡಿಯಬೇಕಿತ್ತು.

ಹೋಲಿಕೆಗೆ ಕೌಲರ ಚಕ್ರಪೂಜೆಯ ಪಾನಪಾತ್ರೆಯನ್ನು ತರುವುದು ಸುಲಭ. ಆದರೆ ಅದು ರಹಸ್ಯದ ವಲಯ, ಇದು ಊರಬಾಗಿಲಿನ ಬಹಿರಂಗ. ಹೆಚ್ಚು ಉಪಯುಕ್ತವಾದ ಹೋಲಿಕೆ ಸಿಖ್ಖರ ಅಮೃತ ಸಂಸ್ಕಾರದ್ದು. 1699ರಲ್ಲಿ ಆನಂದಪುರದಲ್ಲಿ ಗುರು ಗೋವಿಂದಸಿಂಹರು ಖಾಲ್ಸಾ ಸ್ಥಾಪಿಸಿದಾಗ ಬೇರೆಬೇರೆ ಜಾತಿಗಳ ಐವರು ಒಂದೇ ಕಬ್ಬಿಣದ ಬಟ್ಟಲಿನಿಂದ ಅಮೃತ ಸ್ವೀಕರಿಸಿದರು. ಆ ಐವರಲ್ಲಿ ಒಬ್ಬರಾದ, ಕ್ಷೌರಿಕ ವೃತ್ತಿಯ ಮನೆತನದ ಸಾಹಿಬ್ ಸಿಂಹರು ಕರ್ನಾಟಕದ ಬೀದರಿನವರೆಂಬುದು ಕನ್ನಡ ಓದುಗರು ನೆನೆಯಬೇಕಾದ ಸಂಗತಿ. ಅನಂತರ ಗುರುವೇ ಆ ಐವರಿಂದ ಅಮೃತ ಪಡೆದರೆಂದು ಪರಂಪರೆ ಹೇಳುತ್ತದೆ. ಅಲ್ಲಿ ಬಟ್ಟಲು ಒಂದು ಪಂಥವನ್ನೇ ಕಟ್ಟಿತು, ವಿಧಿಯಾಗಿ ಮುಂದುವರಿಯಿತು. ಮಂಟೇಸ್ವಾಮಿಯ ಗಡಿಗೆ ಕಥನದಲ್ಲಿ ಉಳಿಯಿತು. ನೀಲಗಾರ ಪರಂಪರೆಯಲ್ಲಿ ಆಚರಣೆಗೆ ಇಳಿದದ್ದು ಕುಡಿಯುವುದಕ್ಕಿಂತ ಉಣ್ಣುವುದು. ಗಡಿಗೆಯ ಉತ್ತರಾಧಿಕಾರಿಯನ್ನು ಪಂಕ್ತಿಯಲ್ಲಿ ಹುಡುಕಬೇಕು.

ಬನದ ಹುಣ್ಣಿಮೆಯಿಂದ ಐದು ದಿನ ನಡೆಯುವ ಚಿಕ್ಕಲ್ಲೂರು ಜಾತ್ರೆಯ ಮೊದಲ ರಾತ್ರಿ ಚಂದ್ರಮಂಡಲ ಉರಿಯುತ್ತದೆ. ಅದಕ್ಕೆ ಬೆಂಕಿ ಕೊಡುವವರು ಬೊಪ್ಪೇಗೌಡನಪುರ ಮಠದ ಬುದ್ಧಿಯವರು. ನಾಲ್ಕನೆಯ ದಿನ ಪಂಕ್ತಿಸೇವೆ. ಬಿಡಾರ ಹೂಡಿದ ಒಕ್ಕಲುಗಳು ಮಾಂಸದಡುಗೆ ಮಾಡಿ, ಎಡೆಯಿಟ್ಟು, ಬಂದವರನ್ನು ಕೂರಿಸಿಕೊಂಡು ಉಣ್ಣುತ್ತವೆ. ದಲಿತರೊಡನೆ ಒಕ್ಕಲಿಗರೂ ಉಪ್ಪಾರರೂ ಮತ್ತಿತರರೂ ಈ ಪರಂಪರೆಯ ಒಕ್ಕಲಾಗಿದ್ದಾರೆ. 1959ರ ಪ್ರಾಣಿಬಲಿ ನಿಷೇಧ ಕಾಯ್ದೆಯನ್ನು ಮುಂದಿಟ್ಟು 2017ರ ಸುಮಾರಿಗೆ ಆಡಳಿತ ನಿರ್ಬಂಧಗಳನ್ನು ಬಿಗಿಗೊಳಿಸಿದಾಗ ಭಕ್ತರು ಕೊಟ್ಟ ಉತ್ತರ ಗಮನಾರ್ಹ: ಇದು ಬಲಿಯಲ್ಲ, ಸೇವೆ, ದೇವರಿಗೆ ಕೊಲ್ಲುತ್ತಿಲ್ಲ, ಕೂಡಿ ಉಣ್ಣುತ್ತಿದ್ದೇವೆ. ಈ ಉತ್ತರವನ್ನು ಕಾನೂನಿನಿಂದ ನುಣುಚಿಕೊಳ್ಳುವ ಜಾಣತನವೆಂದು ಕಂಡವರಿದ್ದರು. ಕಲ್ಯಾಣದ ಸಾಲನ್ನು ಬಲ್ಲವರಿಗೆ ಹಾಗೆ ಕಾಣಲಾರದು. ಈ ಪರಂಪರೆಯಲ್ಲಿ ಪವಿತ್ರವಾದದ್ದು ಅಡುಗೆಯ ಪದಾರ್ಥಕ್ಕಿಂತ ಅದನ್ನು ಯಾರೊಡನೆ ಉಣ್ಣಲಾಗುತ್ತದೆ ಎಂಬುದು. ಬಾಗಿಲಲ್ಲಿ ಬುತ್ತಿ ತಪಾಸಣೆಗೆ ಒಳಗಾದ ಒಕ್ಕಲುಗಳು ತಮ್ಮ ಕಾವ್ಯದ ಮೊದಲ ದೃಶ್ಯವನ್ನೇ ಮತ್ತೆ ಕಂಡಿರಬೇಕು.

ಪಂಕ್ತಿಯಲ್ಲಿಯೂ ಎಲೆ ಬೇರೆಬೇರೆಯೇ ಎಂಬುದನ್ನು ಇಲ್ಲಿ ಮರೆಯಬಾರದು. ಸಾಲು ಒಂದು, ಅಡುಗೆ ಒಂದು, ಬಾಯಿಟ್ಟ ಪಾತ್ರೆ ಒಂದಲ್ಲ. ಗಡಿಗೆ ಕೇಳಿದ್ದರ ಮುಕ್ಕಾಲು ಪಾಲನ್ನು ಪಂಕ್ತಿ ನೀಡಿತು. ಕಡೆಯ ಕಾಲು ಪಾಲು ಹಾಡಿನಲ್ಲಿಯೇ ಇದೆ. ಅದು ಹಾಡಿನಲ್ಲಿದೆ ಎಂಬುದರಿಂದಲೇ ಹಾಡಿನ ಪಠ್ಯದ ಬಗ್ಗೆ ಎಚ್ಚರ ಬೇಕಾಗುತ್ತದೆ.

ಗಡಿಗೆಯ ಹಿಂದಿನ ಜೀವನಕ್ರಮ ಈಗ ಇಲ್ಲ. ಈಚಲು ಮರದಿಂದ ಇಳಿಸಿದ ಹೆಂಡ, ಅದನ್ನು ಹಿಡಿಯುವ ಕುಡಿಕೆ, ಕುಡಿಯುವ ಕರಟ, ಮಾರುವ ಗಡಿಗೆ ಇವೆಲ್ಲ ಈ ಸೀಮೆಯ ಹಳ್ಳಿಗಳಿಗೆ ಪರಿಚಿತವಾಗಿದ್ದವು. ರಾಷ್ಟ್ರೀಯ ಚಳವಳಿಯ ಕಾಲದಲ್ಲಿ ಈಚಲ ಮರ ಕಡಿಯುವುದು ಸತ್ಯಾಗ್ರಹದ ಒಂದು ರೂಪವಾಗಿತ್ತು. 1939ರ ತುರುವನೂರು ಸತ್ಯಾಗ್ರಹ ಅದಕ್ಕೆ ಹೆಸರಾದದ್ದು. ಮದ್ದೂರಿನ ಶಿವಪುರದಲ್ಲಿ ಅದಕ್ಕೆ ಹಿಂದಿನ ವರ್ಷವಷ್ಟೇ ಧ್ವಜ ಸತ್ಯಾಗ್ರಹ ನಡೆದಿತ್ತು. ಪಾನನಿರೋಧದ ನೈತಿಕ ಬಲವನ್ನು ಅಲ್ಲಗಳೆಯುವಂತಿಲ್ಲ. ಕುಡಿತದಿಂದ ಮೊದಲು ಹಾಳಾದದ್ದು ಬಡವರ ಮನೆಗಳೇ. 2004ರಲ್ಲಿ ರಾಜ್ಯದ ಬಹುತೇಕ ಭಾಗದಲ್ಲಿ ಸೇಂದಿ, 2007ರಲ್ಲಿ ಸಾರಾಯಿ ನಿಷೇಧವಾದವು. ಆದರೆ ಇದರ ಒಂದು ಪರಿಣಾಮ ಕಾವ್ಯದ ಕೇಳುಗನ ಮೇಲಾಯಿತು. ಗಡಿಗೆ ಯಾರ ಕೇರಿಯದು, ಅದನ್ನು ಹೊತ್ತು ನಡೆದವನನ್ನು ಊರು ಹೇಗೆ ನೋಡುತ್ತಿತ್ತು ಎಂಬುದು ಇಂದಿನ ತರುಣ ಕೇಳುಗನಿಗೆ ತಾನಾಗಿ ತಿಳಿಯದು. ಅವನಿಗೆ ಹೆಂಡವೆಂದರೆ ದುಶ್ಚಟ, ಗಡಿಗೆ ಹಿಡಿದವನೆಂದರೆ ಕುಡುಕ. ಜಾತಿಯ ಪರೀಕ್ಷೆ ಚಟದ ಪ್ರಸಂಗವಾಗಿ ಕುಗ್ಗುವ ಅಪಾಯವಿದೆ. ಮಳವಳ್ಳಿ ಮಹದೇವಸ್ವಾಮಿಯವರಂಥ ಗಾಯಕರ ಧ್ವನಿಸುರುಳಿಗಳಿಂದ ತಂಬೂರಿ ಕಥೆಗಳು ಮನೆಮನೆಗೆ ತಲುಪಿದವು, ಎಚ್.ಎಸ್. ಶಿವಪ್ರಕಾಶರ ‘ಮಂಟೇಸ್ವಾಮಿ ಕಥಾಪ್ರಸಂಗ’ದ ಮೂಲಕ ಕಥೆ ರಂಗಕ್ಕೂ ಏರಿತು. ಪ್ರಸಾರ ಹಿಗ್ಗಿದಷ್ಟೂ ವಿವರಣೆಯ ಹೊಣೆ ಹೆಚ್ಚುತ್ತದೆ. ಪಠ್ಯದ ಕೊನೆಯ ಪದಕೋಶದಲ್ಲಿ ಹೆಂಡಕ್ಕೆ ‘ಮದ್ಯ’, ಗಡಿಗೆಗೆ ‘ಮಡಕೆ’ ಎಂದು ಅರ್ಥ ಕೊಟ್ಟರೆ ಸಂಪಾದಕನ ಕೆಲಸ ಮುಗಿಯುವುದಿಲ್ಲ.

ವಸ್ತುಸಂಗ್ರಹಾಲಯಗಳಿಗೂ ಇದೇ ಮಾತು ಅನ್ವಯಿಸುತ್ತದೆ. ಒಂದು ಪಾತ್ರೆ ಸಂಗ್ರಹಕ್ಕೆ ಬಂದಾಗ ಹೆಸರು, ಲೋಹ, ಎತ್ತರ, ದೊರೆತ ಊರು ಇಷ್ಟನ್ನು ಬರೆದುಕೊಳ್ಳುವುದು ವಾಡಿಕೆ. ಗೊರವರ ದೋಣಿಯನ್ನು ಹೀಗೆ ದಾಖಲಿಸಿದರೆ ಅದು ಭಿಕ್ಷಾಪಾತ್ರೆಯೋ ಸೇವೆಯ ಪಾತ್ರೆಯೋ ತಿಳಿಯದು. ಗೊರವರಲ್ಲಿ ದೋಣಿ ಎರಡೂ ಹೌದು. ಚೊಂಬಿನ ಪಕ್ಕದಲ್ಲಿ ಅದನ್ನು ಎತ್ತಿ ಕುಡಿಯುತ್ತಿದ್ದರೆ, ಕಚ್ಚಿ ಕುಡಿಯುತ್ತಿದ್ದರೆ, ಯಾರ ಬೊಗಸೆಗೆ ಅದರಿಂದ ಎರೆಯುತ್ತಿದ್ದರು ಎಂಬ ಮೂರು ಸಾಲು ಸೇರಿಸಲು ತಗಲುವ ಶ್ರಮ ಅಲ್ಪ. ಇವನ್ನು ಕಣ್ಣಾರೆ ಕಂಡ, ಕೈ ಒಡ್ಡಿ ನಿಂತ ಹಿರಿಯರು ಮಂಡ್ಯ, ಮದ್ದೂರು, ಮಳವಳ್ಳಿಯ ಹಳ್ಳಿಗಳಲ್ಲಿ ಇನ್ನೂ ಇದ್ದಾರೆ. ಬೊಗಸೆಯನ್ನು ಮಾತ್ರ ಯಾವ ಕಪಾಟಿನಲ್ಲಿಯೂ ಇಡಲಾಗದು. ಅದರ ದಾಖಲೆ ಅವರ ಮಾತಿನಲ್ಲಿಯೇ ಸಿಗಬೇಕು.